ಐದು ತೂತಿನ ಹೊಲಿಗೆ

ಏಳನೆಯ ತಿಂಗಳ ಏಳನೆಯ ದಿನ ಪುಸ್ತಕಗಳಿಗೆ ಬಿಸಿಲು ತೋರಿಸದ ಮನೆ ನಮ್ಮೂರಲ್ಲಿ ಇರಲಿಲ್ಲ. ಪುಸ್ತಕವೇ ಇಲ್ಲದವರು ಹಾಸಿಗೆಯನ್ನಾದರೂ ತಂದು ಅಂಗಳಕ್ಕೆ ಹಾಕುತ್ತಿದ್ದರು. ಮಳೆಯ ಮುಗ್ಗಲು ವಾಸನೆ ಹೋಗಬೇಕಲ್ಲ. ಆ ವರ್ಷ ಬಿಸಿಲು ಎಷ್ಟು ಚೆನ್ನಾಗಿತ್ತೋ, ನನಗೆ ಅಷ್ಟೇ ಹೆದರಿಕೆಯಿತ್ತು.

ನನ್ನ ಮಾವ ಕ್ವೊನ್ ಮೇಷ್ಟ್ರು. ಜಪಾನಿನವರು ಅವರ ಪಾಠಶಾಲೆ ಮುಚ್ಚಿಸಿ ಆರು ವರ್ಷವಾಗಿತ್ತು. ಉಳಿದದ್ದು ಒಂದು ಪೆಟ್ಟಿಗೆ. ಅದರಲ್ಲಿ ಕವಿತೆಯ ಪುಸ್ತಕ ಐದು. ಮನಸ್ಸೆಂದರೇನು ಎಂದು ತರ್ಕಿಸುವ ತತ್ತ್ವದ ಪುಸ್ತಕ ಮೂರು. ಮಕ್ಕಳಿಗೆ ಅಕ್ಷರ ಕಲಿಸುವ ಪಾಠದ ಪುಸ್ತಕ ಒಂದು. ನಮ್ಮ ನಾಡಿನ ಚರಿತ್ರೆ ಒಂದು. ಆ ಚರಿತ್ರೆಗೆ ಸುತ್ತ ಏಳೂರಲ್ಲಿ ಬೇರೆ ಪ್ರತಿ ಇರಲಿಲ್ಲ.

ಹಿಂದಿನ ಚಳಿಗಾಲದಲ್ಲಿ ಹುಕುಂ ಬಂತು: ಚರಿತ್ರೆಯ ಪುಸ್ತಕ ಯಾರ ಮನೆಯಲ್ಲಿದ್ದರೂ ವಸಂತದೊಳಗೆ ಠಾಣೆಗೆ ಒಪ್ಪಿಸಬೇಕು. ಬಚ್ಚಿಟ್ಟು ಸಿಕ್ಕಿಬಿದ್ದ ಪಕ್ಕದೂರಿನ ಮೇಷ್ಟ್ರನ್ನು ಕರೆದೊಯ್ದರು. ಅವರು ತಿರುಗಿ ಬರಲಿಲ್ಲ, ಅವರ ಬೂಟು ಬಂತು.

ಮಾವ ಮೂರು ದಿನ ಪೆಟ್ಟಿಗೆಯ ಮುಂದೆಯೇ ಕೂತರು. ನಾಲ್ಕನೆಯ ಬೆಳಿಗ್ಗೆ ನನ್ನನ್ನು ಕರೆದರು. "ಯೆಚನ್‌ನವಳೇ," ಎಂದರು. ನಮ್ಮಲ್ಲಿ ಸೊಸೆಗೆ ತವರೂರೇ ಹೆಸರು. "ನಿನಗೆ ಹೆಂಗಸರ ಅಕ್ಷರ ಬರುತ್ತಲ್ವೇನಮ್ಮ?"

ಗಂಡಸರು ಮೂಗು ಮುರಿಯುತ್ತಿದ್ದ ನಮ್ಮ ಮಾತಿನ ಲಿಪಿ ಅದು. ಬರುತ್ತದೆ ಎಂದೆ.

ನಮ್ಮ ಪುಸ್ತಕದ ಪ್ರತಿ ಹಾಳೆಯೂ ಮಡಿಸಿದ ಹಾಳೆ. ಬರಹ ಹೊರಮೈಯಲ್ಲಿ, ಒಳಮೈ ಖಾಲಿ. ಬೆನ್ನಿನ ಹೊಲಿಗೆ ಬಿಚ್ಚಿದರೆ ಅವರೆಕಾಯಿಯಂತೆ ಬಿಚ್ಚಿಕೊಳ್ಳುತ್ತದೆ. ಪಂಡಿತರ ಲಿಪಿಯಲ್ಲಿದ್ದ ಚರಿತ್ರೆಯನ್ನು ಮಾವ ಓದಿ ನಮ್ಮ ಮಾತಿನಲ್ಲಿ ಹೇಳಿದರು. ನಾನು ಆ ಖಾಲಿ ಒಳಮೈಯಲ್ಲಿ ಮಸಿ ನೀರಾಗಿಸಿಕೊಂಡು ಬರೆದೆ. ನಲವತ್ತು ದಿನ. ಕವಿತೆಯ ಐದು, ತತ್ತ್ವದ ಮೂರು, ಎಂಟೂ ತುಂಬಿದವು. ಪಾಠದ ಪುಸ್ತಕದ ಹಾಳೆ ತೆಳು, ಬರೆದರೆ ಆಚೆಗೆ ಕಾಣುತ್ತದೆಂದು ಅದನ್ನು ಬಿಟ್ಟೆವು. ಆಮೇಲೆ ಮಾವ ಮೂಲ ಚರಿತ್ರೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಹೋಗಿ ಠಾಣೆಗೆ ಕೊಟ್ಟು ಬಂದರು. ಅದನ್ನು ಅಲ್ಲೇ ಸುಟ್ಟರು. ಊರವರು, ಮೇಷ್ಟ್ರು ಹೆದರಿಬಿಟ್ಟರು ಅಂದುಕೊಂಡರು. ಮಾವ ಅನ್ನಿಸಿಕೊಂಡರು.

ಹೊಲಿಗೆ ನನ್ನ ಕೆಲಸ. ಹಳೆಯ ದಾರ ಎಳೆದರೆ ಪುಡಿಯಾಯಿತು. ಯುದ್ಧಕಾಲ, ಹೊಸ ದಾರ ಎಲ್ಲಿ? ನನ್ನ ಮದುವೆಯ ಕೆಂಪು ಲಂಗದಿಂದ ಎಳೆ ತೆಗೆದು, ಐದೈದು ತೂತಿಗೆ ಪೋಣಿಸಿ ಎಂಟನ್ನೂ ಹೊಲಿದೆ. ಹೊಸದೆಂದು ಕಾಣಬಾರದಲ್ಲ, ಒಲೆಯ ಮಸಿ ಸವರಿದೆ. ಎಂಟು ಪುಸ್ತಕ ಮೈಮುರಿದು ಕೂತವು. ಮಕ್ಕಳ ಪುಸ್ತಕ ಮಾತ್ರ ತಬ್ಬಲಿಯಂತೆ ಹರಿದ ಬೆನ್ನಲ್ಲಿ ಬಿದ್ದಿತ್ತು. ನನಗೋ ಆಗ ಐದು ತಿಂಗಳು. ಹೊಟ್ಟೆಯಲ್ಲಿರುವುದು ನಾಳೆ ಮೊದಲು ಹಿಡಿಯುವುದು ಅದನ್ನೇ ತಾನೇ? ಅದನ್ನೂ ಹೊಲಿದೆ. ಬಚ್ಚಿಡುವಂಥದ್ದೇನೂ ಇಲ್ಲವೆಂದು ಮಸಿ ಹಚ್ಚಲಿಲ್ಲ.

ಮಾವ ನೋಡಿ ರೇಗಿದರು. "ಇದಕ್ಕ್ಯಾಕಮ್ಮ ದಾರ ದಂಡ ಮಾಡ್ದೆ? ಹಣೆ ಮೇಲೆ ಕುಂಕುಮ ಇಟ್ಟ ಹಾಗಿದೆ, ಯಾರಾದ್ರೂ ನೋಡಿದ್ರೆ?" ತಪ್ಪಾಯಿತು ಎಂದೆ. ಬಿಚ್ಚಲು ಮನಸ್ಸು ಬರಲಿಲ್ಲ.

ಆ ಏಳನೆಯ ದಿನ ಬೆಳಗಿನ ಜಾವ ಬಾವಿಯ ಮೊದಲ ನೀರನ್ನು ಬಟ್ಟಲಿನ ಕಂಠದವರೆಗೆ ತುಂಬಿ, ಸಪ್ತರ್ಷಿಗಳ ಹೆಸರಲ್ಲಿ ಹಿತ್ತಲಿನ ಉಪ್ಪಿನಕಾಯಿ ಜಾಡಿಗಳ ಕಟ್ಟೆಗೆ ಒಯ್ದಿಟ್ಟೆ. ನೀರು ಅಲುಗಿದರೆ ಪ್ರಾರ್ಥನೆ ತಲುಪುವುದಿಲ್ಲ ಎಂದು ನನ್ನ ಅತ್ತೆ ಹೇಳಿಕೊಟ್ಟಿದ್ದರು. ಗಂಡನನ್ನು ಕಲ್ಲಿದ್ದಲ ಗಣಿಗೆ ಎಳೆದೊಯ್ದ ದಿನದಿಂದ ಒಂದು ಬೆಳಗೂ ತಪ್ಪಿಸಿರಲಿಲ್ಲ.

ಪುಸ್ತಕ ಹೊರಗಿಡದೆ ಹೋದರೆ ಊರೇ ಕೇಳುತ್ತದೆ. ಹೊರಗಿಟ್ಟೆವು. ಮಧ್ಯಾಹ್ನದ ಹೊತ್ತಿಗೆ ಬೇಲಿಯಾಚೆ ಬೂಟಿನ ಸದ್ದು.

ಜಪಾನಿ ಅಧಿಕಾರಿ ಕುರಾತಾ, ಅವನ ಹಿಂದೆ ನಮ್ಮೂರವನೇ ಆದ ಪೊಲೀಸ್ ಬೇ ಮನ್‌ಸಿಕ್. ಕುರಾತಾ ಯಾರ ಮುಖವನ್ನೂ ನೋಡುವವನಲ್ಲ. ಕೈ ನೋಡುತ್ತಾನೆ ಎಂದು ಜಿಲ್ಲೆಗೆಲ್ಲ ಗೊತ್ತಿತ್ತು. ನಡುಗುವ ಕೈ ಸಿಕ್ಕರೆ ಮನೆಯ ನೆಲ ಅಗೆಸುತ್ತಿದ್ದ.

ಪಕ್ಕದ ಮನೆಯ ಸಾಂಗ್ಜು ಅಜ್ಜಿ ಗೋಧಿ ದೋಸೆ ತಟ್ಟೆ ಹಿಡಿದು ಬಂದವಳು ಬಾಗಿಲಲ್ಲೇ ನಿಂತಳು. "ಏನೋ ಮನ್‌ಸಿಕ್, ಟೋಪಿ ಹಾಕ್ಕೊಂಡ್ಮೇಲೆ ಕಿವಿ ಕೇಳಲ್ವೇನೋ? ಹಿರಿಯರಿಗೆ ನಮಸ್ಕಾರ ಅನ್ನೋದಿಲ್ವಾ?"

"ಸುಮ್ನಿರಜ್ಜಿ, ಸರ್ಕಾರಿ ಕೆಲ್ಸ."

ಕುರಾತಾ ಒಂದು ಕವಿತೆಯ ಪುಸ್ತಕ ಎತ್ತಿಕೊಂಡು ಬೆನ್ನಿನ ಮೇಲೆ ಹೆಬ್ಬೆರಳು ಎಳೆದ. ಬೆರಳು ಕಪ್ಪಾಯಿತು. ಅದನ್ನು ಮೇಲೆತ್ತಿ ತೋರಿಸಿ ಏನೋ ಕೇಳಿದ.

"ಇದ್ಯಾಕೆ ಮಸಿ ಅಂತಾರೆ," ಎಂದ ಮನ್‌ಸಿಕ್.

ಮಾವ ಉತ್ತರ ಕೊಡುವಷ್ಟರಲ್ಲಿ ಅಜ್ಜಿಯೇ ಬಾಯಿ ಹಾಕಿದಳು: "ಹಸಿ ಸೌದೆ ಒಲೆ ಕಣಪ್ಪಾ. ಈ ಮನೇಲಿ ಏನು ಮುಟ್ಟಿದ್ರೂ ಮಸಿನೇ. ಒಣ ಸೌದೆ ಎಲ್ಲಾ ನಿಮ್ ಠಾಣೆ ತಗೊಂಡೋಯ್ತಲ್ಲ, ನಾವೇನು ಬೆಳದಿಂಗಳಲ್ಲಿ ಬೇಯಿಸ್ಕೊಳ್ಳೋದಾ?"

ಮನ್‌ಸಿಕ್ ಅರ್ಧ ಮಾತ್ರ ಹೇಳಿರಬೇಕು. ಕುರಾತಾ ನಗಲಿಲ್ಲ. ಸಾಲಾಗಿಟ್ಟ ಒಂಬತ್ತು ಪುಸ್ತಕಗಳ ಮುಂದೆ ನಿಧಾನಕ್ಕೆ ನಡೆದ. ಕೊನೆಯದರ ಹತ್ತಿರ ನಿಂತ. ಬಿಸಿಲಿಗೆ ಆ ಕೆಂಪು ದಾರ ಉರಿಯುತ್ತಿತ್ತು.

"ಇದಕ್ಕೆ ಮಾತ್ರ ಹೊಸ ಹೊಲಿಗೆ. ಯಾಕೆ? ಬಿಚ್ಚಿ ಏನಿಟ್ಟಿದ್ದೀರಿ?" ಕುರಾತಾನ ಮಾತನ್ನು ಮನ್‌ಸಿಕ್ ನಮ್ಮ ಮಾತಲ್ಲಿ ಹೇಳಿದ.

ಮಾವ ಕಣ್ಣು ಮುಚ್ಚಿಕೊಂಡರು. ನಾನು ಹೇಳಿದೆ: "ಹುಟ್ಟೋ ಮಗೂಗೆ ಅಂತ ಹೊಲಿದಿದ್ದು."

ಕುರಾತಾ ಚಾಕುವನ್ನು ಮನ್‌ಸಿಕ್‌ಗೆ ಕೊಟ್ಟ. ಮನ್‌ಸಿಕ್ ಪುಸ್ತಕವನ್ನು ಕೈಗೆ ತೆಗೆದುಕೊಂಡು ಮೇಲ್ಹಾಳೆಯ ಅಕ್ಷರ ನೋಡಿದ.

"ಕೊಯ್ಯೋ, ಕೊಯ್ಯಿ," ಎಂದಳು ಅಜ್ಜಿ. "ನೀನು ಮೇಷ್ಟ್ರ ಹತ್ರ ಅದನ್ನ ಓದಿ ಮುಗಿಸ್ದಾಗ ನಿಮ್ಮಮ್ಮ ಊರಿಗೆಲ್ಲ ಅಕ್ಕಿ ಕಡುಬು ಹಂಚಿದ್ಲು. ಆ ಕಡುಬು ಇನ್ನೂ ನನ್ನ ನಾಲಿಗೇಲಿದೆ."

ಐದು ಸಲ ಚಾಕು ಟಕ್ ಎಂದಿತು. ಹಾಳೆಗಳು ಅಂಗಳದ ತುಂಬ ಹಾರಿದವು. ಮನ್‌ಸಿಕ್ ಒಂದೊಂದನ್ನೂ ಹಿಡಿದು, ಮಡಿಕೆ ಬಿಚ್ಚಿ, ಬಿಸಿಲಿಗೆ ಎತ್ತಿ ನೋಡಿದ. ಖಾಲಿ. ಎಲ್ಲವೂ ಖಾಲಿ.

ನಾನು ಉಸಿರು ಬಿಡುವಷ್ಟರಲ್ಲಿ ಕುರಾತಾ ಉಳಿದ ಎಂಟರ ಕಡೆ ತಿರುಗಿದ.

"ಇನ್ನೊಂದು ನೋಡ್ಬೇಕಂತೆ," ಎಂದ ಮನ್‌ಸಿಕ್.

ಮಾವನ ಕೈ ಅಂಗಿಯ ತೋಳಿನೊಳಗೆ ನಡುಗತೊಡಗಿದ್ದು ನನಗೆ ಕಂಡಿತು. ಇನ್ನೊಂದು ಚಣಕ್ಕೆ ಅವನಿಗೂ ಕಾಣುತ್ತದೆ. ಎದ್ದು ಮಾವನ ಮುಂದೆ ನಿಂತೆ. ಮೊದಲ ಕವಿತೆಯ ಪುಸ್ತಕ, ಚರಿತ್ರೆಯ ಮೊದಲ ಸಾಲಿದ್ದದ್ದು, ಅದನ್ನೇ ಎತ್ತಿ ಎರಡೂ ಅಂಗೈ ಮೇಲಿಟ್ಟು ಕುರಾತಾನ ಕಡೆ ಚಾಚಿದೆ.

"ಇದನ್ನೂ ಕೊಯ್ದುಬಿಡಿ. ಹೊಲಿಯೋಳು ನಾನಿದೀನಲ್ಲ. ಲಂಗದಲ್ಲಿ ಇನ್ನೂ ದಾರ ಇದೆ."

ಅವನು ನನ್ನ ಕೈ ನೋಡಿದ. ನಾನು ಪುಸ್ತಕ ಹಿಡಿದಿರಲಿಲ್ಲ. ಕಂಠದವರೆಗೆ ತುಂಬಿದ ಬಟ್ಟಲು ಹಿಡಿದಿದ್ದೆ. ಬಾವಿಯಿಂದ ಕಟ್ಟೆಯವರೆಗೆ ಹದಿನೇಳು ಹೆಜ್ಜೆ, ಮನಸ್ಸಿನಲ್ಲೇ ಒಂದೊಂದೇ ಎಣಿಸಿದೆ. ಹೊಟ್ಟೆಯೊಳಗೆ ಕೂಸು ಒದ್ದಿತು. ನೀರು ಅಲುಗಲಿಲ್ಲ. ಹದಿನೇಳು ಮುಗಿದು ಮತ್ತೆ ಒಂದರಿಂದ ಶುರು ಮಾಡಿದೆ.

ಕುರಾತಾ ಮಸಿಯಾದ ಹೆಬ್ಬೆರಳನ್ನು ಕರವಸ್ತ್ರಕ್ಕೆ ಒರೆಸಿಕೊಂಡ. ಏನೋ ಗೊಣಗಿದ.

"ಚದುರಿದ ಹಾಳೆ ಎಲ್ಲಾ ಕಟ್ಟು ಅಂತಾರೆ," ಎಂದ ಮನ್‌ಸಿಕ್. "ಅದೊಂದನ್ನೇ ತಗೊಂಡೋಗ್ತಾರಂತೆ." ಮಂಡಿಯೂರಿ ಆಯ್ದ. ಹೋಗುವಾಗ ಮಾವನ ಕಡೆ ತಲೆ ಎತ್ತಲಿಲ್ಲ.

ಅವರು ಕಣ್ಮರೆಯಾದ ಮೇಲೆ ಮಾವ ಉಳಿದ ಎಂಟು ಪುಸ್ತಕಗಳನ್ನು ಒಂದೊಂದಾಗಿ ಒಟ್ಟುಗೂಡಿಸಿದರು. "ದಾರ ದಂಡ ಅಂದಿದ್ದೆ ನಾನು," ಎಂದರು. ಅಜ್ಜಿ ಒಂದು ದೋಸೆ ಅವರ ಕೈಗೆ ತುರುಕಿ, "ತಿನ್ನಿ ಮೇಷ್ಟ್ರೇ, ಆರಿದ್ರೆ ಚರ್ಮ ಆಗುತ್ತೆ," ಎಂದಳು.

ಮಗಳು ಹುಟ್ಟಿದಳು. ಅವಳಿಗೆ ಅಕ್ಷರ ಕಲಿಯುವ ವಯಸ್ಸಾಗುವಷ್ಟರಲ್ಲಿ ಕುರಾತಾನ ಜನ ಹಡಗು ಹತ್ತಿ ಹೋಗಿಯಾಗಿತ್ತು. ಪಾಠದ ಪುಸ್ತಕ ಮನೆಯಲ್ಲಿರಲಿಲ್ಲ. ಮಾವ ಪೆಟ್ಟಿಗೆ ತೆರೆದು ಆ ಮೊದಲ ಕವಿತೆಯ ಪುಸ್ತಕವನ್ನು ನನ್ನ ಮುಂದಿಟ್ಟು, ಒಳಮೈಯ ಬರಹವೇ ಮಗುವಿನ ಪಾಠವೆಂದು ಕತ್ತರಿ ಕೊಟ್ಟರು. ಮೊಮ್ಮಗಳು ಕತ್ತು ಚಾಚಿ ಕಾದಿದ್ದಳು.

ದಾರಕ್ಕೆ ಕತ್ತರಿ ಇಟ್ಟರೆ, ಕೈ ಗಡಗಡ ನಡುಗಿತು.

"ನಡುಗ್ಲಿ ಬಿಡಮ್ಮ," ಎಂದರು ಮಾವ. "ಈಗ ನೋಡೋರು ಯಾರೂ ಇಲ್ಲ."