ಜೈನಾಬ್‌ಗೂ ಓಟು ಬಂತು

ಅಲ್ಲಾಳಸಂದ್ರದ ನಾಸಿರ್ ಮನೆಯಲ್ಲಿ, ಹೆಂಡತಿ ಜೈನಾಬಳ ವೀಸಾ ಮುಗಿಯುವ ತಿಂಗಳು ಬಂತೆಂದರೆ ಯಾರಿಗೂ ಊಟ ರುಚಿಸುತ್ತಿರಲಿಲ್ಲ. ಅವಳು ಹುಟ್ಟಿದ್ದು ಆಫ್ರಿಕಾದ ಜಾಂಜಿಬಾರ್‌ನಲ್ಲಿ. ಅಲ್ಲಿ ಎಲೆಕ್ಟ್ರಿಷಿಯನ್ ಆಗಿದ್ದ ನಾಸಿರ್‌ನನ್ನು ಮದುವೆಯಾಗಿ ಇಲ್ಲಿಗೆ ಬಂದು ಎಂಟು ವರ್ಷವಾಗಿತ್ತು. ಇಬ್ಬರು ಮಕ್ಕಳೂ ಇಲ್ಲೇ ಹುಟ್ಟಿದವರು.

2014ರಲ್ಲಿ ಒಬ್ಬ ಬ್ರೋಕರ್ ಬಂದು, "ಮೊದ್ಲು ನಿಮ್ ಪಾಸ್‌ಪೋರ್ಟ್ ರದ್ದು ಮಾಡ್ಸೋಣ. ಆಮೇಲೆ ಪೌರತ್ವ ನಾನ್ ಕೊಡಿಸ್ತೀನಿ" ಎಂದ. ಜೈನಾಬ್ ಪಾಸ್‌ಪೋರ್ಟ್ ಹಿಡಿದು ಹೊರಟೇಬಿಟ್ಟಳು. ಎದುರು ಮನೆಯ ಆಶಾರಾಣಿ ವಿಷಯ ಕೇಳಿ ಗೇಟಿನಲ್ಲೇ ತಡೆದರು. ಅವರು ಕಾನೂನು ನೆರವು ಕೇಂದ್ರದ ಸ್ವಯಂಸೇವಕಿ.

"ಕೊಡ್ಬೇಡ ಕಣೇ. ಈಗ್ಲೇ ರದ್ದಾದ್ರೆ ಅಲ್ಲಿಗೂ ಇಲ್ಲ, ಇಲ್ಲಿಗೂ ಇಲ್ಲ ಅಂತಾಗತ್ತೆ. ನಿನ್ ಅರ್ಜಿ ಒಪ್ಪಿದೀವಿ ಅಂತ ಸರ್ಕಾರದ ಪತ್ರ ಬಂದ್ಮೇಲೆ ಮಾತ್ರ ಹಳೇ ಪೌರತ್ವ ಬಿಡ್ಬೇಕು."

ಅತ್ತೆ ಫಖ್ರುನ್ನೀಸಾ ಒಳಗಿಂದ ಬಂದರು. "ಈ ಉಸಾಬರಿ ಯಾಕಮ್ಮ? ನಾವಾಗೇ ಹೋಗಿ ಹೆಸರು ಕೊಟ್ಟು, ಇವಳನ್ನ ವಾಪಸ್ ಕಳಿಸಿಬಿಟ್ರೆ ಮಕ್ಕಳ ಗತಿ?"

"ವೀಸಾ ಸರಿಯಾಗಿದೆಯಲ್ಲ, ಭಯ ಯಾಕೆ? ನಮ್ ದೇಶದವ್ರನ್ನ ಮದ್ವೆಯಾಗಿ ಏಳು ವರ್ಷ ಇಲ್ಲೇ ಇದ್ದವ್ರು ಅರ್ಜಿ ಹಾಕ್ಬೋದು ಅಂತ ಕಾನೂನೇ ಇದೆ."

"ಪರೀಕ್ಷೆ ಇರತ್ತಾ ಅಕ್ಕ?" ಎಂದಳು ಜೈನಾಬ್.

"ನಿಂಗೆ ಬರೆಯೋ ಪರೀಕ್ಷೆ ಏನಿಲ್ಲ. ಕರೆದು ವಿಚಾರಿಸ್ತಾರೆ, ಅಷ್ಟೇ."

ಆದರೂ ಜೈನಾಬ್ ಪರೀಕ್ಷೆಗೆಂದೇ ಓದಿದಳು. ಚಪಾತಿ ಲಟ್ಟಿಸುತ್ತಾ ಮೂಲಭೂತ ಹಕ್ಕುಗಳನ್ನು ಒಪ್ಪಿಸುತ್ತಿದ್ದಳು. ಮಗಳು ಪಾಠ ಪುಸ್ತಕ ಹಿಡಿದು ತಪ್ಪು ತಿದ್ದುತ್ತಿದ್ದಳು. ಮನೆಯಲ್ಲಿ ಹಬ್ಬದಂಥ ಗದ್ದಲ.

ಅರ್ಜಿ ಹಾಕಿದ ಮೇಲೆ ಜಿಲ್ಲಾಧಿಕಾರಿ ಕಚೇರಿಗೆ ಕರೆದರು. ಅಲ್ಲಿ ಅಧಿಕಾರಿ ಕೇಳಿದ್ದು ಬೇರೆಯೇ. "ಇಲ್ಲೇ ಯಾಕಮ್ಮ ಇರ್ಬೇಕು?"

ಓದಿದ್ದೆಲ್ಲ ಮರೆತುಹೋಯಿತು. "ಸಾರ್, ನಮ್ ರಸ್ತೆ ದೀಪ ಕೆಟ್ಟು ತುಂಬ ದಿನ ಆಯ್ತು. ಕೇಳೋಕೆ ಹೋದ್ರೆ, ನಿಮ್ ಓಟು ಇಲ್ಲಿದೆಯಾ ಅಂತಾರೆ. ನನ್ ಮಕ್ಕಳು ಓಡಾಡೋ ರಸ್ತೆ ಅದು. ಕೇಳೋ ಹಕ್ಕು ನಂಗೂ ಬೇಕು."

ಅಧಿಕಾರಿ ನಕ್ಕು, ಬರೆದುಕೊಂಡರು.

ಕಾಯುವುದು ಬಹಳವಾಯಿತು. ಕೊನೆಗೆ ಒಪ್ಪಿಗೆ ಪತ್ರ ಬಂದಾಗ ನಾಸಿರ್ ಕೆಲಸ ಬಿಟ್ಟು ಓಡಿ ಬಂದ. ತನ್ನ ದೇಶದ ರಾಯಭಾರ ಕಚೇರಿಗೆ ಹಳೆಯ ಪಾಸ್‌ಪೋರ್ಟ್ ಒಪ್ಪಿಸಿ ಅಲ್ಲಿನ ಪೌರತ್ವ ಬಿಟ್ಟ ದಿನ ಜೈನಾಬ್ ತಾಯಿಗೆ ಫೋನು ಮಾಡಿ ಅತ್ತಳು. ಪೌರತ್ವದ ಪ್ರಮಾಣಪತ್ರ ಕೈಗೆ ಬಂದ ದಿನ ಮತ್ತೆ ಮಾಡಿದಳು. ಅವತ್ತು ಇಬ್ಬರೂ ನಕ್ಕರು. ಆಮೇಲೆ ಮತದಾರರ ಪಟ್ಟಿಗೂ ಅವಳ ಹೆಸರು ಸೇರಿತು.

2018ರ ಚುನಾವಣೆಯ ದಿನ ಫಖ್ರುನ್ನೀಸಾ ಎಲ್ಲರಿಗಿಂತ ಮೊದಲು ಸಿದ್ಧರಾಗಿದ್ದರು. ಸಾಲಿನಲ್ಲಿ ಹಿಂದೆ ಮುಂದೆ ನಿಂತವರಿಗೆಲ್ಲ ಹೇಳಿದ್ದೇ ಹೇಳಿದ್ದು: "ಇವಳು ನಮ್ ಸೊಸೆ. ಇವತ್ತು ಮೊದಲ್ನೇ ಓಟು." ಬಾಗಿಲ ಬಳಿ ತಾವು ಸರಿದು ನಿಂತು, ಸೊಸೆಯನ್ನು ಮುಂದೆ ಬಿಟ್ಟರು.

ನಿಮ್ಮ ಮನೆಯಲ್ಲೂ ಹೊರದೇಶದಿಂದ ಬಂದ ಸೊಸೆಯೋ ಅಳಿಯನೋ ಇದ್ದಾರೆಯೇ? ವೀಸಾ ಚಾಲ್ತಿಯಲ್ಲಿಡಿ. ಬ್ರೋಕರ್ ಕೈಗೆ ಪಾಸ್‌ಪೋರ್ಟ್ ಕೊಡಬೇಡಿ. ಹೆದರಿ ಕೂರದೆ ಕಾನೂನು ನೆರವು ಕೇಂದ್ರಕ್ಕೋ ಜಿಲ್ಲಾಧಿಕಾರಿ ಕಚೇರಿಗೋ ಹೋಗಿ ಕೇಳಿ. ಇದೇ ವಾರ ಹೋಗಿ.