ಸಾಣೆಗಾರ ಕೇಳದ ಪ್ರಶ್ನೆ

ಕೋಟೆ ಕಂದಕದ ಹಿಂಬದಿಯ ಬೀದಿಯಲ್ಲಿ ತೊಮೊಜಿಯ ಮನೆಗೆ ಬೆಳಗಾಗುತ್ತಿದ್ದದ್ದೇ ನೀರಿನ ಸದ್ದಿನಿಂದ. ಹೆಂಡತಿ ಶಿಗೆ ಎರಡು ಬಾನಿ ನೀರು ಸೇದಿ ತಂದಿಟ್ಟರೆ ಅವನು ಕಲ್ಲಿನ ಮುಂದೆ ಮಂಡಿಯೂರಿ ಕೂರುತ್ತಿದ್ದ. ಅಜ್ಜನೂ ಅಪ್ಪನೂ ಕತ್ತಿಗೆ ಸಾಣೆ ಹಿಡಿದ ಜಾಗ ಅದು. ಮೂರು ತಲೆಮಾರಿನ ಮಂಡಿ ತಾಗಿ ನೆಲದ ಹಲಗೆ ಸವೆದು ಕುಳಿ ಬಿದ್ದಿತ್ತು. ಎದುರಿನ ಕಂಬಕ್ಕೆ ಅಜ್ಜ ಬರೆದು ಅಂಟಿಸಿದ ಒಂದು ಕಾಗದವಿತ್ತು: ಕತ್ತಿಯನ್ನು ನೋಡು, ತಂದವನನ್ನು ನೋಡಬೇಡ.

ಆ ಹೊತ್ತಿಗೆ ತೋಫು ಅಂಗಡಿಯ ಹುಡುಗಿ ಫುಸಾ ಬಾಗಿಲಿಗೆ ಬರುತ್ತಿದ್ದಳು. ಹೊಳೆಯುವ ಕತ್ತಿಯನ್ನು ಕಂಡರೆ ಅವಳಿಗೆ ನಗು.

"ಮಾವ, ಇಷ್ಟು ದಿನ ಉಜ್ಜಿದ್ದಕ್ಕೆ ಒಂದು ಮೂಲಂಗಿನಾದ್ರೂ ಹೆಚ್ಚಿದೀರಾ ಇದ್ರಲ್ಲಿ?"

"ಹೋಗೇ, ಬಾಯಿಬಡಕಿ. ನಿನ್ನ ನಾಲಿಗೆಗೆ ಸಾಣೆಯೇ ಬೇಡ" ಎಂದು ತೊಮೊಜಿ ಗದರುತ್ತಿದ್ದ. ಅವಳು ಹೋದ ಮೇಲೆ ಗಂಡ ಹೆಂಡಿರಿಬ್ಬರೂ ನಗುತ್ತಿದ್ದರು. ಅವರಿಗೆ ಮಕ್ಕಳಿರಲಿಲ್ಲ.

ಹದಿನೇಳು ತುಂಬಿದ ವರ್ಷ ಫುಸಾ ಗುಡ್ಡದ ಮೇಲಿನ ಇಸೊಗಾಯಿಯವರ ಮನೆಗೆ ಕೆಲಸಕ್ಕೆ ಸೇರಿದಳು. ಇಸೊಗಾಯಿ ನಮ್ಮ ಊರಿನಿಂದ ಸಂಸತ್ತಿಗೆ ಆರಿಸಿಹೋದ ಮುದುಕ. ಸೈನ್ಯದ ಖರ್ಚು ಕಡಿಮೆಯಾಗಬೇಕೆಂದು ಸಭೆಯಲ್ಲಿ ಮಾತಾಡಿದ್ದಕ್ಕೆ ಊರಿನ ಅರ್ಧ ಜನ ಅವರನ್ನು ದ್ರೋಹಿ ಎನ್ನುತ್ತಿದ್ದರು. ಅದು ಚಕ್ರವರ್ತಿಯ ಷೋವಾ ಶಕೆಯ ಎಂಟನೆಯ ವರ್ಷ, ಅಂದರೆ 1933.

ಚೆರ್ರಿ ಹೂ ಉದುರುವ ದಿನಗಳಲ್ಲಿ ಸುಗಿಯೆ ಎಂಬ ಶಾಲೆಯ ಮೇಷ್ಟ್ರು ಒಂದು ಗಿಡ್ಡ ಕತ್ತಿಯನ್ನು ನೇರಳೆ ಬಟ್ಟೆಯಲ್ಲಿ ಸುತ್ತಿಕೊಂಡು ಬಂದ. ಇಪ್ಪತ್ತಮೂರರ ಹುಡುಗ. ತಲೆಬಾಗಿ ನಮಸ್ಕರಿಸಿ, ಅಕ್ಕಿಹಿಟ್ಟಿನ ಸಿಹಿಯ ಪೊಟ್ಟಣ ಮುಂದಿಟ್ಟ.

"ಹೊಳಪು ಬೇಡ. ತರಿ ಕೊಡಿ, ಸಾಕು" ಎಂದ.

ತೊಮೊಜಿಯ ಕೈ ಅಲ್ಲೇ ನಿಂತಿತು. ನೋಡುವ ಕತ್ತಿಯ ಅಲಗು ಕನ್ನಡಿಯಂತಿರಬೇಕು. ಆದರೆ ಅಷ್ಟು ನುಣುಪಾದ ಅಲಗು ಬಟ್ಟೆಯ ಮೇಲೆ ಜಾರುತ್ತದೆ. ಕಡಿಯಲು ಹೊರಟವನು ಮಾತ್ರ ಕೊನೆಗೊಮ್ಮೆ ಒರಟು ಕಲ್ಲಿನ ಮೇಲೆ ಎಳೆಸಿ, ಅಲಗನ್ನು ಕಣ್ಣಿಗೆ ಕಾಣದಷ್ಟು ತರಿತರಿ ಮಾಡಿಸಿಕೊಳ್ಳುತ್ತಾನೆ. ಆಗ ಅದು ಕಚ್ಚುತ್ತದೆ. ಮಂಚೂರಿಯಾಕ್ಕೆ ಹೊರಟ ಸೇನಾಧಿಕಾರಿಯೊಬ್ಬನಿಗೆ ತೊಮೊಜಿ ಒಮ್ಮೆ ಹಾಗೆ ಮಾಡಿಕೊಟ್ಟಿದ್ದ. ಮಕ್ಕಳಿಗೆ ಲೆಕ್ಕ ಹೇಳಿಕೊಡುವ ಮೇಷ್ಟ್ರಿಗೆ ಅದು ಯಾಕೆ?

ಪ್ರಶ್ನೆ ನಾಲಿಗೆಯ ತುದಿಗೆ ಬಂದಿತ್ತು. ಅವನು ಕಂಬದ ಕಡೆ ನೋಡಿದ. ಮೂರು ತಲೆಮಾರಿನಲ್ಲಿ ಯಾರೂ ಕೇಳಿರಲಿಲ್ಲ. ಒರಟು ಕಲ್ಲಿಗೆ ನೀರು ಚಿಮುಕಿಸಿ ಹತ್ತು ಸಲ ಎಳೆದ. ಬೆರಳಿನಿಂದ ಪರೀಕ್ಷಿಸಿ, "ಚೆನ್ನಾಗಿ ಕೂತಿದೆ ಮೇಷ್ಟ್ರೇ" ಎಂದ. ಹಾಗೆನ್ನುವಾಗ ತನ್ನ ಕೈಗೆಲಸದ ಹೆಮ್ಮೆಯೂ ದನಿಯಲ್ಲಿತ್ತು. ಆಮೇಲೆ ಅವನನ್ನು ಹೆಚ್ಚು ಸುಟ್ಟದ್ದು ಆ ಹೆಮ್ಮೆಯೇ.

ನಾಲ್ಕನೆಯ ದಿನ ಸುಗಿಯೆ ಗುಡ್ಡ ಹತ್ತಿ ಇಸೊಗಾಯಿಯವರ ಬಾಗಿಲು ತಟ್ಟಿದ. ತೆರೆದವಳು ಫುಸಾ. ಜಗುಲಿಯಲ್ಲಿ ಚಹಾ ಕುಡಿಯುತ್ತಿದ್ದ ಮುದುಕನ ಮೇಲೆ ಅವನು ಬಿದ್ದಾಗ ಅವಳು ನಡುವೆ ಹೋಗಿ ಎರಡೂ ತೋಳು ಅಡ್ಡ ಹಿಡಿದಳು. ಚಳಿ ಇನ್ನೂ ಬಿಟ್ಟಿರಲಿಲ್ಲವಾದ್ದರಿಂದ ಹತ್ತಿ ತುಂಬಿದ ದಪ್ಪ ಅಂಗಿ ತೊಟ್ಟಿದ್ದಳು. ಕತ್ತಿ ಜಾರಲಿಲ್ಲ. ಇಸೊಗಾಯಿ ಅಲ್ಲೇ ಸತ್ತರು, ಅವಳು ಸಂಜೆಗೆ.

ಪತ್ರಿಕೆಯವರು ಸುಗಿಯೆಯ ಭಾವಚಿತ್ರ ಹಾಕಿದರು. ಹೊರಡುವ ಮುನ್ನ ಅವನು ಬರೆದಿಟ್ಟ ಪದ್ಯ ಹಾಕಿದರು. ಫುಸಾಳಿಗೆ ಸಿಕ್ಕಿದ್ದು ಒಂದು ಸಾಲು: ಕೆಲಸದವಳೊಬ್ಬಳೂ ಮೃತಪಟ್ಟಳು.

ಇದನ್ನು ಬರೆಯಲು ನಾಚಿಕೆಯಾಗುತ್ತದೆ, ಆದರೆ ನಡೆದದ್ದು ಹೀಗೆಯೇ. ನಮ್ಮಲ್ಲಿ ಕೊಂದವನ ಮನಸ್ಸನ್ನು ತೂಗುತ್ತಾರೆ, ಸತ್ತವರ ಹೆಣವನ್ನು ತೂಗುವುದಿಲ್ಲ. ಮನಸ್ಸು ಶುದ್ಧವಾಗಿತ್ತೆಂದರೆ ಮುಗಿಯಿತು. ಸುಗಿಯೆಯ ತಾಯಿಯ ಮನೆಗೆ ಜನ ಸಾಲುಗಟ್ಟಿ ಹೋಗಿ, ಎಂಥ ಮಗನನ್ನು ಹೆತ್ತಿರಿ ಎಂದು ಕೈಮುಗಿದು ಬಂದರು. ಆ ತಾಯಿ ಅತ್ತದ್ದು ಸಂತೋಷಕ್ಕೆ ಎಂದು ಜನರೇ ಹೇಳಿಕೊಂಡರು. ಆ ಕತ್ತಿಗೆ ಸಾಣೆ ಹಿಡಿದವನೆಂದು ತೊಮೊಜಿಯ ಅಂಗಳಕ್ಕೂ ಹುಡುಗರು ಬಂದರು. ಒಬ್ಬನಂತೂ ಒರಟು ಕಲ್ಲಿನ ಮುಂದೆ ಅಡ್ಡಬಿದ್ದ. ಅಂದಿನಿಂದ ತೊಮೊಜಿ ಆ ಜಾಗದಲ್ಲಿ ಕೂರಲಿಲ್ಲ. ಶಿಗೆ ಸೇದಿಟ್ಟ ನೀರು ಬಾನಿಯಲ್ಲೇ ಉಳಿಯಿತು.

ಸೆರೆಯಲ್ಲಿದ್ದ ಸುಗಿಯೆಯ ವಿಚಾರಣೆ ಹತ್ತಿರ ಬಂದಾಗ ಹತಾನೊ ಬಂದರು. ಕತ್ತಿವರಸೆ ಶಾಲೆಯ ಗುರು, ಬೀದಿಗೆ ಹಿರಿಯರು. ಸುಗಿಯೆಗೆ ದಯೆ ತೋರಬೇಕೆಂಬ ಮನವಿ ಅವರ ಕೈಯಲ್ಲಿತ್ತು. ಪ್ರತಿ ಹೆಸರಿನ ಕೆಳಗೂ ಬೆರಳು ಚುಚ್ಚಿಕೊಂಡು ಒತ್ತಿದ ರಕ್ತದ ಗುರುತು.

"ಇಷ್ಟು ದಿನ ನೀನೇ ಬಂದು ಒತ್ತುತೀಯ ಅಂತಿದ್ದೆ ಕಣಯ್ಯ. ಆ ಅಲಗು ಕೊಟ್ಟವನು ನೀನು. ಪುಣ್ಯವಂತ."

"ಗುರುಗಳೇ, ನಾನು ಒತ್ತಲ್ಲ."

"ಯಾಕೆ? ಹುಡುಗ ಸ್ವಂತಕ್ಕೆ ಏನಾದ್ರೂ ಕೇಳಿದ್ನಾ? ದೇಶಕ್ಕೋಸ್ಕರ ಕೈ ಎತ್ತಿದ."

"ಫುಸಾ ದೇಶಕ್ಕೆ ಏನು ಮಾಡಿದ್ಲು?"

ಹತಾನೊ ನಿಟ್ಟುಸಿರುಬಿಟ್ಟರು. ಆ ಹುಡುಗಿ ಅಡ್ಡ ಬರಬಾರದಿತ್ತು, ಅವಳ ಹಣೆಬರಹ ಎಂದರು. ಆಮೇಲೆ ಮನವಿಯ ಮೂರನೆಯ ಹಾಳೆ ತಿರುವಿ ಬೆರಳಿಟ್ಟು ತೋರಿಸಿದರು. ತೋಫು ಅಂಗಡಿಯವನ ಹೆಸರು, ಕೆಳಗೆ ಅವನ ಹೆಬ್ಬೆರಳು.

"ಮಗಳನ್ನ ಕಳಕೊಂಡವನೇ ಒತ್ತಿದಾನೆ. ನಿನ್ನದೇನು?"

ತೊಮೊಜಿ ಆ ಗುರುತನ್ನು ನೋಡಿದ. ಆ ತಂದೆ ಒತ್ತದಿದ್ದರೆ ಮರುದಿನದಿಂದ ಅವನ ಅಂಗಡಿಗೆ ಯಾರೂ ಬರುವುದಿಲ್ಲವೆಂದು ಬೀದಿಗೆಲ್ಲ ಗೊತ್ತಿತ್ತು. ತೊಮೊಜಿಗೂ ಗೊತ್ತಿತ್ತು.

"ನುಣುಪಾದ ಅಲಗಾಗಿದ್ರೆ ಅವಳ ಅಂಗಿ ಮೇಲೆ ಜಾರ್ತಿತ್ತು" ಎಂದ. "ತರಿ ಕೊಟ್ಟವನು ನಾನು. ಕೊಡುವಾಗ ಯಾತಕ್ಕೆ ಅಂತ ಗೊತ್ತಾಗಿತ್ತು ಗುರುಗಳೇ. ಗೊತ್ತಾಗಿಯೂ ಕೇಳಲಿಲ್ಲ. ಕಂಬದ ಮೇಲಿನ ಕಾಗದದ ಹಿಂದೆ ಅಡಗಿಕೊಂಡೆ. ಇದನ್ನ ನ್ಯಾಯಾಲಯದಲ್ಲೂ ಹೇಳ್ತೀನಿ."

"ನಿನ್ನ ಅಜ್ಜ ಇದ್ದಿದ್ರೆ ನಿನ್ನನ್ನ ಮನೆಯಿಂದ ಹೊರಗೆ ಹಾಕ್ತಿದ್ದ" ಎಂದು ಹತಾನೊ ಎದ್ದು ಹೋದರು.

ಆ ಮಧ್ಯಾಹ್ನ ತೊಮೊಜಿ ತೋಫು ಅಂಗಡಿಗೆ ಹೋಗಿ ಒದ್ದೆ ನೆಲದ ಮೇಲೆ ಹಣೆಯಿಟ್ಟು ನಡೆದದ್ದನ್ನೆಲ್ಲ ಹೇಳಿದ. ಫುಸಾಳ ತಂದೆ ಒಳಗೆ ಹೋಗಿಬಿಟ್ಟ. ತಾಯಿ ತಮಿ ನೀರಿನೊಳಗೆ ಕೈಯಿಟ್ಟು ತೋಫು ಕತ್ತರಿಸುತ್ತಲೇ ಇದ್ದಳು.

"ನೀವು ಕೇಳಿದ್ರೆ ಅವನು ಹೇಳ್ತಿದ್ನಾ ಅಣ್ಣ?"

"ಗೊತ್ತಿಲ್ಲ ತಮಿ."

"ಆದ್ರೂ ಕೇಳಬೇಕಿತ್ತು."

ಅಷ್ಟೇ. ಬಯ್ದಿದ್ದರೆ ಹಗುರವಾಗುತ್ತಿತ್ತೇನೋ. ಮನೆಗೆ ಬಂದು ಅವನು ಅಜ್ಜನ ಕಾಗದವನ್ನು ನೀರಿನಲ್ಲಿ ನೆನೆಸಿ, ಕೆರೆದು ತೆಗೆದ. ಕಂಬದಲ್ಲಿ ಬಿಳಿಯ ಚೌಕವೊಂದು ಉಳಿಯಿತು.

ನ್ಯಾಯಾಲಯದಲ್ಲಿ ಹೇಳಿದ. ಯಾರೂ ಬರೆದುಕೊಂಡಂತೆ ಕಾಣಲಿಲ್ಲ. ಕತ್ತಿ ತರುವವರು ನಿಂತುಹೋದರು. ಶಿಗೆ ಮನೆಮನೆ ತಿರುಗಿ ಅಡುಗೆಮನೆಯ ಚೂರಿಗಳನ್ನು ಕೇಳಿ ತಂದಳು, ಅವನು ಮತ್ತೆ ಕಲ್ಲಿನ ಮುಂದೆ ಕೂತು ಸಾಣೆ ಹಿಡಿದ.

ಶರತ್ಕಾಲದಲ್ಲಿ ಹತಾನೊ ಶಾಲೆಯ ಶಿಷ್ಯನೊಬ್ಬ ಬಂದ. ಇನ್ನೂ ಮೀಸೆ ಸರಿಯಾಗಿ ಬಲಿಯದವನು. ಬಟ್ಟೆಯ ಗಂಟು ಮುಂದಿಟ್ಟು, "ಮೇಷ್ಟ್ರಿಗೆ ಕೊಟ್ಟಂಥ ತರಿಯೇ ಕೊಡಿ" ಎಂದ. ಒಳಗೆ ಮೂಲಂಗಿಗೆ ಉಪ್ಪು ಸವರುತ್ತಿದ್ದ ಶಿಗೆಯ ಕೈ ನಿಂತಿತು.

ತೊಮೊಜಿ ಕತ್ತಿಯನ್ನು ನೋಡಲಿಲ್ಲ. ತಂದವನನ್ನು ನೋಡಿದ.

"ಯಾರ ಮನೆಗೆ?"

ಹುಡುಗನ ಮುಖ ಕೆಂಪಾಯಿತು. ಸಾಣೆಗಾರರು ಕೇಳೋ ಹಾಗಿಲ್ಲ ಎಂದ.

"ನಾನು ಕೇಳ್ತೀನಿ. ಹೋಗಲಿ, ಆ ಯಜಮಾನರ ಹೆಸರು ಹೇಳಬೇಡ. ಆ ಮನೇಲಿ ಬಾಗಿಲು ತೆಗೆಯೋಳು ಯಾರು? ಅವಳ ಹೆಸರು ಹೇಳು, ಸಾಕು."

ಅದು ಹುಡುಗನಿಗೆ ಗೊತ್ತಿರಲಿಲ್ಲ. ಗೊತ್ತುಮಾಡಿಕೊಳ್ಳಬೇಕೆಂದು ಅವನಿಗೆ ಯಾರೂ ಹೇಳಿಕೊಟ್ಟಿರಲಿಲ್ಲ.

"ತಿಳ್ಕೊಂಡು ಬಾ. ಅಲ್ಲಿವರೆಗೂ ಇದು ಇಲ್ಲೇ ಇರಲಿ" ಎಂದು ತೊಮೊಜಿ ಗಂಟಿನ ಮೇಲೆ ಕೈಯಿಟ್ಟ. ಆ ಕೈಯನ್ನು ಅವನು ತೆಗೆಯಲಿಲ್ಲ.