ತಣ್ಣನೆ ಪಾದದ ಮಾತು

ವಿನಿಫ್ರೆಡ್ ಹೋಲ್ಕಂಬ್‌ಗೆ ಆ ಕುರ್ಚಿಯಲ್ಲಿ ಕೂತಿರಲು ಆಗುತ್ತಿರಲಿಲ್ಲ. ಏಳುವಳು, ನೆಲದ ಮೇಲಿನ ದಪ್ಪ ವೈರುಗಳನ್ನು ದಾಟಿ ಸಿನಿಮಾ ಸೆಟ್ಟಿನ ಹಿಂಬದಿಗೆ ಹೋಗುವಳು, ಮತ್ತೆ ಬಂದು ಕೂರುವಳು. ನರೆಗೂದಲ ವಿಗ್ಗು ನೆತ್ತಿಯನ್ನು ಕಡಿಯುತ್ತಿತ್ತು. ಎದುರಿಗೆ, ಬೆಳಕಿನ ನಡುವೆ, ಅವಳ ಪಾತ್ರವನ್ನು ಇನ್ನೊಬ್ಬಳು ಮಾಡುತ್ತಿದ್ದಳು.

‘ಪೆಲ್ಹಮ್ ದಂಪತಿ ಮನೆಯಲ್ಲಿಲ್ಲ’ ನಾಟಕ ನ್ಯೂಯಾರ್ಕಿನಲ್ಲಿ ಎರಡು ಚಳಿಗಾಲ ಓಡಿದ್ದು ಎಲ್ಲರೂ ವಿನ್ನಿ ಎಂದೇ ಕರೆಯುವ ಅವಳಿಂದಲೇ ಎಂದು ಪತ್ರಿಕೆಗಳು ಬರೆದಿದ್ದವು. ಗಂಡನನ್ನು ಬಿಟ್ಟ ಕಾನಿ ಪೆಲ್ಹಮ್, ಅವನ ಎರಡನೆಯ ಮದುವೆಗೆ ಕರೆಯದೆಯೇ ಬಂದು ಕೂರುವ ಕಥೆ. ಹಾಲಿವುಡ್ಡಿನವರು ಅದನ್ನು ಕೊಂಡು, ಕಾನಿಯ ಪಾತ್ರವನ್ನು ಇಪ್ಪತ್ತನಾಲ್ಕರ ತಾರೆ ಲೋಯಿಸ್ ಕಾರ್ವೆಲ್‌ಗೆ ಕೊಟ್ಟರು. ನಲವತ್ತರ ಹತ್ತಿರದ ವಿನ್ನಿಗೆ ಸಿಕ್ಕಿದ್ದು ಮದುಮಗನ ಸೋದರತ್ತೆಯ ಪಾತ್ರ. ಒಲ್ಲೆ ಎನ್ನಬಹುದಿತ್ತು. ಆದರೆ ತನ್ನ ಕಾನಿಯನ್ನು ಯಾರ ಕೈಗೋ ಬಿಟ್ಟು ದೂರದಲ್ಲಿರುವುದು ಇನ್ನೂ ಕಷ್ಟವೆನಿಸಿ ರೈಲು ಹತ್ತಿದ್ದಳು.

ಬೆಳಗಿನಿಂದ ಒಂದೇ ಮಾತು. ಮದುವೆಯ ಸೂಟಿನಲ್ಲಿ ನಿಂತ ಮಾಜಿ ಗಂಡನ ಟೈ ಸರಿಮಾಡುತ್ತ ಕಾನಿ ಹೇಳಬೇಕು: “ನಿನ್ನ ಹೊಸ ಹೆಂಡ್ತಿಗೆ ಮೊದ್ಲೇ ಹೇಳ್ಬಿಡು, ರಾತ್ರಿ ನಿನ್ನ ಪಾದ ಮಂಜುಗಡ್ಡೆ ಥರ ತಣ್ಣಗಿರುತ್ತೆ ಅಂತ.” ನಾಟಕದಲ್ಲಿ ಈ ಮಾತಿಗೆ ಬಾಲ್ಕನಿ ಕುಸಿಯುವಷ್ಟು ನಗು. ಲೋಯಿಸ್ ಬಾಯಲ್ಲಿ ಅದಕ್ಕೆ ಉಪ್ಪೂ ಇಲ್ಲ, ಖಾರವೂ ಇಲ್ಲ.

“ಕಟ್!” ನಿರ್ದೇಶಕ ಹ್ಯೂಗೊ ಬ್ರಾಂಟ್ ಹ್ಯಾಟನ್ನು ನೆಲಕ್ಕೆಸೆದ. “ಇದು ಮದುವೆ ಮನೆ ಕಣಮ್ಮಾ, ಸಾವಿನ ಮನೆ ಅಲ್ಲ! ವಿನ್ನಿ, ಎಲ್ಲಿದೀರಿ? ಬನ್ನಿ, ಒಂದ್ಸಲ ಮಾಡಿ ತೋರಿಸ್ಬಿಡಿ ಇವಳಿಗೆ.”

ತಾನು ಇದಕ್ಕೇ ಕಾಯುತ್ತಿದ್ದೆನೆಂದು ವಿನ್ನಿಗೆ ಗೊತ್ತಾದದ್ದೇ ಆಗ. ವಿಗ್ಗನ್ನು ಕುರ್ಚಿಯ ಮೇಲೆ ಬಿಸಾಕಿ ಬೆಳಕಿಗೆ ಬಂದಳು. ಟೈ ಹಿಡಿದಳು, ಹುಬ್ಬೇರಿಸಿದಳು, ದನಿಯೆತ್ತಿ ಮಾತು ಹೇಳಿದಳು. ನಗು ಬರಲೆಂದು ನಿಂತಳು.

ಬರಲಿಲ್ಲ. ಕೇಳಿ ಕೇಳಿ ಬೇಸತ್ತ ಲೈಟಿನವರು ಸುಮ್ಮನೆ ನೋಡುತ್ತಿದ್ದರು. ಮೇಲೆ, ದೀಪ ಕಟ್ಟಿದ ಅಟ್ಟದಲ್ಲಿ, ಯಾರೋ ಕೆಮ್ಮಿದರು.

“ಚೆನ್ನಾಗಿತ್ತು,” ಎಂದ ಬ್ರಾಂಟ್, ಅವಳ ಮುಖ ನೋಡದೆ. “ಎಲ್ರೂ ಊಟಕ್ಕೆ ಹೋಗಿ.”

ವಿನ್ನಿ ಊಟಕ್ಕೆ ಹೋಗಲಿಲ್ಲ. ಸ್ಟುಡಿಯೋದ ಎರಡು ಶೆಡ್ಡುಗಳ ನಡುವಿನ ಓಣಿಯಲ್ಲಿ ಸುಡುಬಿಸಿಲಲ್ಲಿ ಆ ಕೊನೆಯಿಂದ ಈ ಕೊನೆಗೆ ನಡೆಯುತ್ತಿದ್ದಳು. ಹಿಂದಿನಿಂದ ಲೋಯಿಸ್ ಬಂದಳು.

“ಮಿಸ್ ಹೋಲ್ಕಂಬ್, ನನ್ನ ಕಂಡ್ರೆ ನಿಮಗಾಗಲ್ಲ, ಅಲ್ವಾ?”

“ಆಗಲ್ಲ.” ವಿನ್ನಿ ನಿಲ್ಲಲಿಲ್ಲ.

“ಸದ್ಯ, ನೀವೊಬ್ರಾದ್ರೂ ನಿಜ ಹೇಳಿದ್ರಿ.” ಲೋಯಿಸ್ ಹೀಲ್ಸ್ ಕಳಚಿ ಕೈಲಿ ಹಿಡಿದು ಹಿಂದೆಯೇ ಓಡಿದಳು. “ಸ್ವಲ್ಪ ನಿಲ್ರೀ! ಆ ಮಾತು ಹೇಳೋವಾಗ ಮನಸ್ಸಲ್ಲಿ ಏನಿಟ್ಕೊತಿದ್ರಿ? ಅದೊಂದು ಹೇಳಿ, ಆಮೇಲೆ ಬೇಕಾದಷ್ಟು ಬೈಯಿರಿ.”

‘ಅದೆಲ್ಲ ಹುಟ್ಟಿನಿಂದ ಬರ್ಬೇಕು, ಮಗೂ’ ಎಂಬ ಉತ್ತರ ನಾಲಿಗೆಯ ತುದಿಯಲ್ಲಿತ್ತು. ಅಷ್ಟು ಸಾಕಿತ್ತು, ಹುಡುಗಿ ಮತ್ತೆ ಏಳುತ್ತಿರಲಿಲ್ಲ. ವಿನ್ನಿ ತಿರುಗಿ ನೋಡಿದಳು. ಬಣ್ಣದಡಿಯಲ್ಲಿ ಲೋಯಿಸ್‌ಳ ತುಟಿ ಅದುರುತ್ತಿತ್ತು.

“ನಗು,” ಎಂದಳು ವಿನ್ನಿ. “ಬರೀ ಜನರ ನಗು ಇಟ್ಕೊತಿದ್ದೆ. ಎಲ್ಲಿ ಏಳುತ್ತೆ, ಎಲ್ಲಿ ಇಳಿಯುತ್ತೆ, ಅಷ್ಟೇ.” ನಿಂತಲ್ಲೇ ಸೇರಿಸಿದಳು, “ಮೊದಲನೇ ದಿನ ಮಾತ್ರ ಹಾಗಿರ್ಲಿಲ್ಲ. ಜನ ಇದಕ್ಕೆ ನಗ್ತಾರೆ ಅಂತ್ಲೇ ನಂಗೆ ಗೊತ್ತಿರ್ಲಿಲ್ಲ. ಅಳು ಬಂದಿತ್ತು. ಆ ತಣ್ಣನೆ ಪಾದಕ್ಕೆ ಕಾನಿ ಎಷ್ಟು ವರ್ಷ ಬೈದಿದಾಳೋ. ಇವತ್ತಿಂದ ಬೈಯೋಕೂ ಹಕ್ಕಿಲ್ಲ, ಅದೂ ಇನ್ನೊಬ್ಬಳ ಪಾಲು. ಜನ ಹೋ ಅಂತ ನಕ್ಕಾಗ ಬೆಚ್ಚಿಬಿದ್ದೆ. ಮಾರನೇ ದಿನದಿಂದ ನಗಿಸೋಕೆ ಅಂತ್ಲೇ ಹೇಳ್ತಾ ಬಂದೆ.”

ಇದನ್ನು ಅವಳು ಯಾರಿಗೂ ಹೇಳಿರಲಿಲ್ಲ. ಹೇಳಿದ ಮೇಲೆ ಕಾಲುಗಳು ಮತ್ತೆ ನಡೆಯತೊಡಗಿದವು.

ಊಟದ ನಂತರ ಲೋಯಿಸ್ ಹುಬ್ಬೇರಿಸಲಿಲ್ಲ. ಟೈಯಿಂದ ಕಣ್ಣನ್ನೇ ಎತ್ತದೆ, ಅಂಗಡಿಯಿಂದ ತರಬೇಕಾದ್ದನ್ನು ನೆನಪಿಸುವವಳಂತೆ ಮೆಲ್ಲಗೆ ಹೇಳಿದಳು. ಕೊನೆಯ ಶಬ್ದಕ್ಕೆ ಟೈಯ ಗಂಟನ್ನು ಇನ್ನೊಮ್ಮೆ ಬಿಗಿ ಮಾಡಿದಳು. ಆಮೇಲೆ ಮೂಲೆಯಲ್ಲಿ ಹೆಡ್‌ಫೋನ್ ಹಾಕಿಕೊಂಡಿದ್ದ ಧ್ವನಿ ಮುದ್ರಿಸುವ ಗಸ್, ಎಂದೂ ಹಲ್ಲು ಬಿಡದ ಮನುಷ್ಯ, ಗೊಳ್ಳೆಂದು ನಕ್ಕುಬಿಟ್ಟ.

“ಗಸ್! ಟೇಕ್ ಹಾಳು ಮಾಡಿದ್ಯಲ್ಲೋ ಪಾಪಿ!” ಎಂದು ಕೂಗಿದ ಬ್ರಾಂಟ್‌ನ ಭುಜಗಳೂ ಕುಲುಕುತ್ತಿದ್ದವು. ಮದುಮಗ ಕಣ್ಣೊರೆಸಿಕೊಳ್ಳುತ್ತಿದ್ದ. ಲೈಟಿನವರು ಮೇಲಿಂದಲೇ ಶಿಳ್ಳೆ ಹಾಕಿದರು.

ವಿನ್ನಿಗೆ ಖುಷಿ, ಹೊಟ್ಟೆಯುರಿ ಎರಡೂ ಒಟ್ಟಿಗೆ ಬಂದವು. ಸೆಟ್ಟಿನ ಹಿಂದೆ ಹೋಗಿ, ಬಣ್ಣ ಕಾಣದ ಹಲಗೆಗೆ ಕೈಯೂರಿ ನಿಂತಳು. ಕೊಟ್ಟದ್ದು ತಾನೇ, ಯಾರೂ ಕಿತ್ತುಕೊಂಡದ್ದಲ್ಲ. ಸಂಜೆಯ ರೈಲಿಗೇ ಹೊರಟುಬಿಡಲೇ ಎಂದುಕೊಳ್ಳುತ್ತಿದ್ದಾಗ ಕೂಗು ಬಂತು: “ಸೋದರತ್ತೆ ಕ್ಲೋಸಪ್!”

ಬೇರೆಯವರ ಮುಖವನ್ನಷ್ಟೇ ಚಿತ್ರಿಸುವ ಇಂಥ ಹೊತ್ತಿನಲ್ಲಿ ತಾರೆಯರು ತಮ್ಮ ಕೋಣೆಗೆ ಹೋಗುವುದು ರೂಢಿ, ಅವರ ಮಾತನ್ನು ಬೇರೆ ಯಾರಾದರೂ ಓದುತ್ತಾರೆ. ಲೋಯಿಸ್ ಮಾತ್ರ ಬರಿಗಾಲಲ್ಲಿ ಕ್ಯಾಮೆರಾದ ಪಕ್ಕದ ಪೆಟ್ಟಿಗೆಯ ಮೇಲೆ ಕೂತಿದ್ದಳು.

“ನೀನು ಹೋಗ್ಬಹುದಮ್ಮಾ,” ಎಂದ ಬ್ರಾಂಟ್.

“ಇಲ್ಲ, ಕಾನಿ ಮಾತು ನಾನೇ ಹೇಳ್ತೀನಿ.” ಲೋಯಿಸ್ ವಿನ್ನಿಯ ಕಡೆ ತಿರುಗಿದಳು. “ನೀವು ನಿಮ್ಮ ಮಾತನ್ನ ನನಗೇ ಹೇಳಿ, ಸಾಕು. ನಗಲ್ಲ, ಆಣೆ.”

“ನಕ್ರೆ ಕತ್ತು ಹಿಸುಕ್ತೀನಿ,” ಎಂದಳು ವಿನ್ನಿ, ವಿಗ್ಗು ಮತ್ತೆ ತಲೆಗೇರಿಸಿಕೊಳ್ಳುತ್ತ.

ಕ್ಯಾಮೆರಾ ತಿರುಗಿತು. ಇಲ್ಲದ ಬಾಲ್ಕನಿಯನ್ನು ಬಿಟ್ಟು ಅವಳು ಆ ಹುಡುಗಿಯ ಮುಖಕ್ಕೇ ಮಾತಾಡಿದಳು. ನಡುವೆ ಲೋಯಿಸ್ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡದ್ದು ಕಂಡಿತು. ವಿನ್ನಿ ನಗುವಿಗೆ ಕಾಯಲಿಲ್ಲ, ಮುಂದಿನ ಮಾತಿಗೆ ಹೋದಳು.